ಬುಧವಾರ ನೀನು ಓದಲಿರುವ ಪ್ರಬಂಧದ ಬಗ್ಗೆ

ಮಾನ್ವಿ
ಭಾನುವಾರ, 9 ಫೆಬ್ರುವರಿ 2025

ಮಗಳೇ ಮೌನೇಶ್ವರಿ,

ದಿನಕ್ಕೆರಡು ಸಲ ಫೋನಿನಲ್ಲಿ ಮಾತಾಡುವ ನಿನ್ನ ಅವ್ವ ಇವತ್ತು ಯಾಕೆ ಕಾಗದ ಹಿಡಿದು ಕೂತಳು ಎಂದು ನಗಬೇಡ. ಫೋನಿನಲ್ಲಿ ನಾನು ಭಾರಿ ಜಾಣೆ. ಮಾತು ಬೇಡದ ಕಡೆ ಹೊರಳಿತು ಅಂದರೆ ‘ಒಲಿ ಮ್ಯಾಲ ಸಾರು ಅದ, ಇಡ್ತೀನಿ’ ಎಂದು ಕಟ್ ಮಾಡಿಬಿಡುತ್ತೇನೆ. ಕಾಗದದಲ್ಲಿ ಆ ಆಟ ನಡೆಯುವುದಿಲ್ಲ.

ಕಳೆದ ಭಾನುವಾರ ನೀನು ರಾಯಚೂರಿನಿಂದ ಬಂದು, ರೊಟ್ಟಿ ಬಡಿಯುತ್ತಿದ್ದ ನನ್ನ ಪಕ್ಕ ಕೂತು ನಿನ್ನ ಪ್ರಬಂಧ ಓದಿದೆ. ಮನಸ್ಸು ತನ್ನನ್ನು ತಾನು ಹೇಗೆ ಕಾಪಾಡಿಕೊಳ್ಳುತ್ತದೆ ಅನ್ನುವುದು ವಿಷಯ, ಬುಧವಾರ ಎಂ.ಎ. ಕ್ಲಾಸಿನವರೆಲ್ಲರ ಮುಂದೆ ಓದಬೇಕು ಎಂದು ಹೇಳಿದೆ. ನಿರಾಕರಣೆ, ಸಮರ್ಥನೆ, ಸ್ಥಾನಪಲ್ಲಟ ಎಂದು ನೀನು ಒಂದೊಂದೇ ಹೇಳುತ್ತಿದ್ದರೆ, ನನ್ನ ಚೀಲದ ಮಾತ್ರೆಗಳಿಗಿಂತ ನಿನ್ನ ಪುಸ್ತಕದ ಹೆಸರುಗಳೇ ಜಾಸ್ತಿ ಎಂದು ನಾನು ಚೇಷ್ಟೆ ಮಾಡಿದೆ. ಆಮೇಲೆ ಉದಾಹರಣೆ ಬಂತು. ಉದಾಹರಣೆ ನಾನೇ ಆಗಿದ್ದೆ.

‘ನನ್ನ ತಾಯಿ ಆಶಾ ಕಾರ್ಯಕರ್ತೆ. ಮನೆಮನೆಗೆ ಹೋಗಿ ಕುಷ್ಠರೋಗದ ಮಚ್ಚೆ ಹುಡುಕುವುದು ಅವರ ಕೆಲಸ. ಓಣಿಯವರ ಮಚ್ಚೆಯನ್ನೆಲ್ಲ ಕಂಡ ಅವರಿಗೆ ಮಗಳ ಮೊಣಕೈ ಮೇಲಿನದು ಕಾಣಲಿಲ್ಲ. ಅವರು ಸುಳ್ಳು ಹೇಳಲಿಲ್ಲ. ತಾಳಲಾರದ್ದನ್ನು ಅವರ ಮನಸ್ಸೇ ಕಾಣಗೊಡಲಿಲ್ಲ. ಇದರಲ್ಲಿ ಕ್ಷಮಿಸಬೇಕಾದ ತಪ್ಪೇನೂ ಇಲ್ಲ.’ ಇಷ್ಟು ಓದಿ ನೀನು ನನ್ನ ಮುಖ ನೋಡಿದೆ. ‘ಖರೆ ಹೌದಲ್ಲವ್ವಾ?’ ಎಂದು ಕೇಳಿದೆ. ‘ಹೂಂ, ಛಲೋ ಬರದಿ’ ಅಂತ ನಾನು ಹೇಳಿದೆ. ಹಂಚಿನ ಮೇಲಿನ ರೊಟ್ಟಿ ಕರಿದಾಗಿತ್ತು.

ಅದು ಖರೆ ಅಲ್ಲ ಮಗಳೇ. ನಾನು ಕಂಡಿದ್ದೆ. ಇದು ನಿನಗೆ ಬುಧವಾರದೊಳಗೆ ಗೊತ್ತಾಗಬೇಕು. ಇಲ್ಲದಿದ್ದರೆ ಎರಡು ಬೆರಳು ಬಾಗಿದ ಆ ಬಲಗೈಯಲ್ಲಿ ಹಾಳೆ ಹಿಡಿದು ಅಷ್ಟು ಜನರ ಮುಂದೆ ನೀನು ನನ್ನ ಪರವಾಗಿ ಸುಳ್ಳು ಸಾಕ್ಷಿ ಹೇಳಿದಂತಾಗುತ್ತದೆ.

ನೀನು ಹತ್ತನೇ ಕ್ಲಾಸಿನಲ್ಲಿದ್ದ ವರ್ಷ ದಸರೆ ಮುಗಿದ ಮೇಲೆ ಸರ್ವೆ ಬಂತು. ಮಚ್ಚೆ ಇದ್ದವರಿಗೆ ಕಣ್ಣು ಮುಚ್ಚಲು ಹೇಳಿ, ಬಾಲ್‌ಪೆನ್ನಿನ ತುದಿಯಿಂದ ಮುಟ್ಟಿ, ಎಲ್ಲಿ ಮುಟ್ಟಿದೆ ತೋರಿಸಿ ಎಂದು ಕೇಳುತ್ತಿದ್ದೆವು. ತೋರಿಸಲು ಆಗದಿದ್ದರೆ ಹೆಸರು ಬರೆದು ಆಸ್ಪತ್ರೆಗೆ ಕಳಿಸಬೇಕು. ನಮ್ಮ ಓಣಿಯ ಕರೆಮ್ಮನಿಗೆ ತೋರಿಸಲು ಆಗಲಿಲ್ಲ. ‘ಹೆಸರು ಬರೀಬ್ಯಾಡ ಗೋಪಮ್ಮ, ಮನಿ ಒಡೀತದ’ ಎಂದು ನನ್ನ ಕೈ ಹಿಡಿದುಕೊಂಡಳು. ನಾನು ಉಪದೇಶ ಮಾಡಿದೆ. ‘ಮಾತ್ರಿ ತಗೊಂಡ್ರ ಪೂರಾ ವಾಸಿ ಆಗ್ತದ. ಮುಚ್ಚಿಟ್ರ ಕೈಕಾಲು ಹೋಗ್ತಾವ ನೋಡು’ ಅಂದೆ. ಎಂಟು ದಿನದಲ್ಲಿ ಅವಳ ಸೊಸೆ ಕೂಸನ್ನು ಎತ್ತಿಕೊಂಡು ದೇವದುರ್ಗದ ತವರಿಗೆ ಹೋದಳು. ನಳದ ಹತ್ತಿರ ಕರೆಮ್ಮನ ಕೊಡ ಬಂದರೆ ಉಳಿದ ಕೊಡಗಳು ಹಿಂದೆ ಸರಿದವು. ನನ್ನ ಅವ್ವನ ಕಾಲದಲ್ಲಿ ನಮ್ಮ ಓಣಿಯವರ ಕೊಡವನ್ನು ಊರ ಬಾವಿಯ ಹತ್ತಿರ ಬಿಡುತ್ತಿರಲಿಲ್ಲ. ಅದನ್ನು ಉಂಡ ಓಣಿಯೇ ಕರೆಮ್ಮನಿಗೆ ಹಾಗೆ ಮಾಡಿತು. ನಾನು ಜಗಳಕ್ಕೆ ನಿಂತೆ, ಯಾರೂ ಕೇಳಲಿಲ್ಲ.

ಆ ವಾರವೇ ನಿನ್ನ ಬಲಗೈಯ ಮೊಣಕೈ ಹಿಂದೆ ಮಾಸಲು ಮಚ್ಚೆ ಕಂಡೆ. ಹುಳುಕಡ್ಡಿ ಎಂದು ನನಗೆ ನಾನೇ ಹೇಳಿಕೊಂಡೆ. ನಿಮ್ಮಪ್ಪ ಕೇಳಿದಾಗ ಅವನಿಗೂ ಅದನ್ನೇ ಹೇಳಿದೆ. ಮುಲಾಮು ತಂದು ಹಚ್ಚಿದೆ. ‘ಜಳಕ ನೆಟ್ಟಗ ಮಾಡಂಗಿಲ್ಲ, ಹೊಲಸು ಹುಡುಗಿ’ ಎಂದು ನಿನ್ನನ್ನು ಬೈದೆ. ನೀನು ಸಿಟ್ಟಿನಿಂದ ಕಲ್ಲು ತೆಗೆದುಕೊಂಡು ಚರ್ಮ ಕೆಂಪಾಗುವ ತನಕ ತಿಕ್ಕಿಕೊಂಡು, ‘ಒಟ್ಟ ಉರಿಯಂಗಿಲ್ಲ ಬೇ’ ಎಂದು ನಕ್ಕಿದ್ದೆ. ನನ್ನ ಹೆದರಿಕೆಯನ್ನು ನಿನ್ನ ಮೇಲೆ ಸಿಟ್ಟು ಮಾಡಿ ತೀರಿಸಿಕೊಂಡೆ, ಅದಕ್ಕೂ ನಿನ್ನ ಪುಸ್ತಕದಲ್ಲಿ ಹೆಸರಿದೆ. ಇಲ್ಲಿಯ ತನಕದ್ದನ್ನು ನೀನು ನಿರಾಕರಣೆ ಅಂತಲೇ ಬರೆದುಕೋ. ಮುಂದಿನದು ಬೇರೆ.

ಒಂದು ಮಧ್ಯಾಹ್ನ ನೀನು ಕಟ್ಟೆಯ ಮೇಲೆ ನನಗೆ ಬೆನ್ನು ಮಾಡಿ ಕೂತು ಇತಿಹಾಸದ ಪಾಠವನ್ನು ಗಟ್ಟಿಯಾಗಿ ಓದುತ್ತಿದ್ದೆ. ನಾನು ಜಡೆ ಹಾಕುತ್ತಿದ್ದೆ. ಸರ್ವೆಯ ಚೀಲ ಪಕ್ಕದಲ್ಲಿತ್ತು. ಪೆನ್ನು ತೆಗೆದು ಮಚ್ಚೆಯ ನಡುವೆ ಮುಟ್ಟಿಸಿದೆ. ನೀನು ಓದುತ್ತಲೇ ಇದ್ದೆ. ಒತ್ತಿದೆ, ಆಗಲೂ ಓದುತ್ತಲೇ ಇದ್ದೆ. ಐದು ಸಲ ಮುಟ್ಟಿಸಿದೆ. ಆಮೇಲೆ ಎರಡು ಬೆರಳಿನಷ್ಟು ಮೇಲೆ, ಚೆನ್ನಾಗಿದ್ದ ಚರ್ಮಕ್ಕೆ ಮುಟ್ಟಿಸಿದ ಕೂಡಲೇ ‘ಯಾಕ ಚುಚ್ಚಾಕತ್ತೀಯವ್ವಾ?’ ಎಂದು ನೀನು ತಿರುಗಿ ನೋಡಿದೆ. ‘ಇರುವಿ ಇತ್ತು’ ಎಂದು ನಾನು ಹೇಳಿದೆ. ಚರ್ಮದ ಮೇಲೆ ಶಾಯಿಯ ಚುಕ್ಕೆಗಳು ಉಳಿದಿದ್ದವು, ಸೆರಗಿನಿಂದ ಒರೆಸಿದೆ. ಅದೇ ಪೆನ್ನಿನಿಂದ ನಮ್ಮ ಮನೆಯ ಸಾಲಿನಲ್ಲಿ ‘ಮಚ್ಚೆ ಇಲ್ಲ’ ಎಂದು ಬರೆದೆ.

ಅಲ್ಲಿಂದ ಹದಿನಾಲ್ಕು ತಿಂಗಳು ಸುಮ್ಮನಿದ್ದೆ. ಪರೀಕ್ಷೆ ಮುಗಿಯಲಿ, ರಾಯಚೂರಿನಲ್ಲಿ ಪಿಯುಸಿ ಸೀಟು ಸಿಗಲಿ, ಹಾಸ್ಟೆಲ್ಲಿಗೆ ಹೊಂದಿಕೊಳ್ಳಲಿ ಎಂದು ದಿನ ದೂಡಿದೆ. ಎಲ್ಲ ನಿನಗಾಗಿ ಎಂದು ಸಮಾಧಾನ ಮಾಡಿಕೊಂಡೆ. ಅದು ಅರ್ಧ ಮಾತ್ರ. ಆಶಾ ಗೋಪಮ್ಮನ ಮನೆಯಲ್ಲೇ ಬಂತಂತೆ ಎಂದು ಓಣಿ ಅನ್ನಬಾರದಿತ್ತು, ನನ್ನ ಕೊಡ ಕಂಡು ಯಾರೂ ಹಿಂದೆ ಸರಿಯಬಾರದಿತ್ತು. ಆ ವರ್ಷ ನಾನು ಹುಚ್ಚಿಯ ಹಾಗೆ ಕೆಲಸ ಮಾಡಿದೆ. ನೀರಮಾನ್ವಿಯ ತನಕ ಹೋಗಿ ಬೇರೆಯವರ ಪಾಲಿನ ಮನೆಗಳಲ್ಲೂ ಮಕ್ಕಳ ಅಂಗಿ ಎತ್ತಿ ನೋಡಿದೆ. ಆಸ್ಪತ್ರೆಯವರು ಮೆಚ್ಚಿ ನನಗೆ ಶಾಲು ಹೊದಿಸಿದರು. ಆ ಶಾಲನ್ನು ಚಳಿಗೆ ಬೇಕು ಎಂದು ನೀನು ಹಾಸ್ಟೆಲ್ಲಿಗೆ ಒಯ್ದೆ.

ಬೆರಳು ಬಾಗಿದ ಮೇಲೆ ರಾಯಚೂರಿನ ಡಾಕ್ಟರು ಒಂದೇ ನೋಟಕ್ಕೆ ಹೇಳಿದರು. ‘ಇಷ್ಟು ದಿನ ಮನ್ಯಾಗ ಯಾರೂ ನೋಡ್ಲಿಲ್ಲೇನ್ರಿ?’ ಎಂದು ಕೇಳಿದರು. ‘ಇಲ್ರಿ ಸರ್’ ಎಂದೆ. ನೀನು ನನ್ನ ಪರ ವಹಿಸಿ ‘ನಮ್ಮವ್ವಗ ಊರ ಕೆಲಸನ ಮುಗಿಯಂಗಿಲ್ರಿ’ ಎಂದು ಹೇಳಿದೆ. ಮನೆಗೆ ಬಂದು ನಿಮ್ಮಪ್ಪನಿಗೆ ‘ಕರೆಮ್ಮನ ಮನ್ಯಾಗ ರೊಟ್ಟಿ ತಿಂದಿದ್ದಕ್ಕ ಬಂತು’ ಎಂದೆ. ರೊಟ್ಟಿ ತಿಂದರೆ ಬರುವುದಿಲ್ಲ ಎಂದು ಊರಿಗೆಲ್ಲ ಸಾರಿದವಳು ನಾನೇ. ನೀನು ಒಳಗಿನಿಂದ ಕೇಳಿಸಿಕೊಂಡು ಅವಳ ಮನೆಗೆ ಹೋಗುವುದನ್ನೇ ಬಿಟ್ಟೆ. ಕರೆಮ್ಮನ ಬೆರಳುಗಳು ಇವತ್ತಿಗೂ ನೆಟ್ಟಗಿವೆ. ಅವಳ ಹೆಸರನ್ನು ನಾನು ಬರೆದಿದ್ದೆ.

ಮಾತ್ರೆಯಿಂದ ನಿನ್ನ ರೋಗ ಹೋಯಿತು, ಬೆರಳು ಮಾತ್ರ ತಿರುಗಿ ನೆಟ್ಟಗಾಗಲಿಲ್ಲ. ಎಂಟನೇ ಕ್ಲಾಸಿನಿಂದ ಪೊಲೀಸ್ ಆಗುತ್ತೇನೆ ಎಂದು ಬೆಳಿಗ್ಗೆ ಎದ್ದು ಕಾಲುವೆ ದಂಡೆಯಲ್ಲಿ ಓಡುತ್ತಿದ್ದವಳು ನೀನು. ಆಮೇಲೆ ಆ ಮಾತನ್ನು ನೀನು ಎತ್ತಲಿಲ್ಲ. ಎತ್ತಿದರೆ ಏನು ಹೇಳಲಿ ಎಂದು ನಾನೂ ಕೇಳಲಿಲ್ಲ.

ಕ್ಷಮಿಸು ಎಂದು ಬರೆಯಲು ಕೈ ಬರುತ್ತಿಲ್ಲ. ಕ್ಷಮಿಸಬೇಕಾದ ತಪ್ಪೇನೂ ಇಲ್ಲ ಎಂದು ನೀನು ಬರೆದದ್ದು ಮಚ್ಚೆ ಕಾಣದೇ ಇದ್ದ ಅವ್ವನಿಗೆ, ನಾನು ಅವಳಲ್ಲ. ಪ್ರಬಂಧದಿಂದ ನನ್ನನ್ನು ಕಿತ್ತುಹಾಕು, ಇಲ್ಲವೇ ಇದ್ದದ್ದನ್ನು ಇದ್ದ ಹಾಗೆ ಬರೆ. ನಾಳೆ ಮುಂಜಾನೆ ಪೋಸ್ಟಿಗೆ ಹಾಕಿದರೆ ಮಂಗಳವಾರ ನಿನ್ನ ಕೈ ಸೇರುತ್ತದೆ.

ಹೊತ್ತಿಗೆ ಸರಿಯಾಗಿ ಉಣ್ಣು.

ನಿನ್ನ ಅವ್ವ,
ಗೋಪಮ್ಮ

ತಾ.ಕ.: ಇವತ್ತು ಗುರುವಾರ. ಪತ್ರವನ್ನು ನಾನು ಪೋಸ್ಟಿಗೆ ಹಾಕಲಿಲ್ಲ. ಸೋಮವಾರ ಮೀಟಿಂಗ್ ಇತ್ತು, ಮಂಗಳವಾರ ಒಬ್ಬ ಬಸುರಿಯನ್ನು ಆಸ್ಪತ್ರೆಗೆ ಕರೆದೊಯ್ಯಬೇಕಿತ್ತು. ಎರಡೂ ದಿನ ಅಂಚೆ ಕಚೇರಿಯ ಮುಂದೆಯೇ ಹಾದುಹೋದೆ. ನಿನ್ನೆ ಸಂಜೆ ನೀನು ಫೋನ್ ಮಾಡಿ, ‘ಎಲ್ಲಾರೂ ಎದ್ದು ನಿಂತು ಚಪ್ಪಾಳಿ ಹೊಡದ್ರು. ನಮ್ಮ ಮೇಡಂ ಅತ್ತೇಬಿಟ್ರವ್ವಾ, ನಿನ್ನ ನೋಡಬೇಕಂತ’ ಎಂದು ಹೇಳಿದೆ. ‘ಆತು, ಬರ್ತೀನಿ’ ಎಂದು ಹೇಳಿದವಳು ನಾನೇ. ಆ ಚಪ್ಪಾಳೆ ಆಗಲಿ ಎಂದೇ ಪತ್ರ ತಡೆದೆನೋ ಏನೋ, ನೀನೇ ಓದಿ ಹೇಳು. ಈಗ ನಿನ್ನ ಹಾಸ್ಟೆಲ್ಲಿನ ಗೇಟಿನ ಹತ್ತಿರದ ಬೆಂಚಿನ ಮೇಲೆ ಕೂತು ಈ ಸಾಲು ಬರೆಯುತ್ತಿದ್ದೇನೆ. ವಾಚ್‌ಮನ್ ಕೈಗೆ ಪತ್ರ ಕೊಟ್ಟು ಮಾನ್ವಿ ಬಸ್ಸು ಹತ್ತಿಬಿಡೋಣ ಅನ್ನಿಸುತ್ತಿದೆ. ಪತ್ರ ಕೊಡುತ್ತೇನೆ, ಬಸ್ಸು ಹತ್ತುವುದಿಲ್ಲ. ಓದಿದ ಮೇಲೆ ನೀನು ಕೆಳಗೆ ಬರದಿದ್ದರೂ ಇಲ್ಲೇ ಕೂತಿರುತ್ತೇನೆ.