ನಕ್ಷೆಯ ಮೂಲೆ

ಮಾರ್ಚ್ ೧೧, ಮಂಗಳವಾರ

ಆ ಶಂಕುಸ್ಥಾಪನೆಯ ಕಲ್ಲನ್ನು ಮೊದಲೇ ಒಮ್ಮೆ ನೋಡಿಕೊಂಡು ಬರಬಾರದಿತ್ತೇ ನಾನು!

ನಲವತ್ತು ಮಕ್ಕಳ ಮುಂದೆ ಮುಕ್ಕಾಲು ಗಂಟೆ ಕೊರೆದೆ. ನಿಮ್ಮ ಶಾಲೆಯ ನಕ್ಷೆ ಬರೆದದ್ದು ಈ ಊರಿನ ಮೊದಲ ಮಹಿಳಾ ಆರ್ಕಿಟೆಕ್ಟ್, ಈ ಎತ್ತರದ ಕಿಟಕಿಗಳೆಲ್ಲ ಅವರ ಯೋಚನೆಯೇ ಎಂದೆ. ಕೊನೆಗೆ ಹುಮ್ಮಸ್ಸಿನಲ್ಲಿ, "ಓಡಿ, ಮೆಟ್ಟಿಲ ಹತ್ತಿರದ ಕಲ್ಲಲ್ಲಿ ಅವರ ಹೆಸರು ಓದ್ಕೊಂಡು ಬನ್ನಿ" ಎಂದುಬಿಟ್ಟೆ.

ಹೋದಷ್ಟೇ ಬೇಗ ವಾಪಸ್ ಬಂದವು. "ಮಿಸ್, ಅಲ್ಲಿ ಯಾರೋ ಗಂಡಸಿನ ಹೆಸರಿದೆ."

ಆಕೆಯ ಗಂಡನದು.

ಎರಡು ಜಡೆಯ ಹುಡುಗಿಯೊಬ್ಬಳು ಬಿಡಲಿಲ್ಲ. "ಹಾಗಾದ್ರೆ ನೀವು ಹೇಳಿದ್ದು ಸುಳ್ಳಾ?"

"ಸುಳ್ಳಲ್ಲ ಪುಟ್ಟಿ. ಆಗಿನ ಕಾಲ ಹಾಗಿತ್ತು."

"ಈಗ ಹಾಗಿಲ್ವಾ?"

ಮಕ್ಕಳಿಗೆ ತೋರಿಸಲೆಂದು ಒಯ್ದಿದ್ದ, ನಾನೇ ಬರೆದ ಗ್ರಂಥಾಲಯದ ನಕ್ಷೆ ಮೇಜಿನ ಮೇಲೆ ಹರಡಿತ್ತು. ಎಂಟು ತಿಂಗಳು ನಿದ್ದೆಗೆಟ್ಟು ಮಾಡಿದ್ದು. ಅದರ ಮೂಲೆಯ ಚೌಕದಲ್ಲಿ, 'ವಿನ್ಯಾಸ' ಎಂಬುದರ ಎದುರು, ನಮ್ಮ ಯಜಮಾನರ ಹೆಸರು. ಗಂಡ ಹೆಂಡತಿ ಸೇರಿ ನಡೆಸುವ ನಮ್ಮ ಆಫೀಸಿನ ಹಾಳೆಗಳಲ್ಲೆಲ್ಲ ಅದು ಅಚ್ಚಾಗಿಯೇ ಬರುತ್ತದೆ. ಇಷ್ಟು ವರ್ಷ ನಾನೂ ಕೇಳಿದವಳಲ್ಲ.

ಆ ಚೌಕದ ಮೇಲೆ ಅಂಗೈ ಊರಿ, "ಈಗ ಹಾಗಿಲ್ಲ" ಎಂದೆ. ಅವಳು ನಂಬಿದಳು.

ಸಂಜೆ ಯಜಮಾನರು, "ಹೇಗಾಯ್ತೇ ನಿನ್ನ ಪಾಠ?" ಎಂದರು. ಚೆನ್ನಾಗಾಯ್ತು ಎಂದೆ.

ಅವರೂ ನಂಬಿದರು.