ಪಡಸಾಲೆಯ ಇಂಗ್ಲಿಷ್

ಅಪ್ಪಾ,

ಶುಕ್ರವಾರ ಬ್ಯಾಂಕಿನ ನೌಕರಿಗೆ ಇಂಗ್ಲಿಷ್ ಪರೀಕ್ಷೆ. ಬರೆಯಬೇಕು, ಮಾತೂ ಆಡಬೇಕು. ನಿಮ್ಮ ಅಳಿಯ ಕೆಲಸಕ್ಕಿದ್ದ ಗಿರಣಿ ಮುಚ್ಚಿದೆ, ನನಗೆ ನಿದ್ದೆಯಿಲ್ಲ. ಇಂದು ಸೋಲಾಪುರದಲ್ಲಿ ತಾಲೀಮು ಮಾಡಿಸುವ ಕುಮುದಿನಿ ಟೀಚರ್ ನನ್ನ ನಿಬಂಧ ಹೊಗಳಿ, ಇಂಗ್ಲಿಷಿನಲ್ಲೇ ಮನೆಯ ಸುದ್ದಿ ಕೇಳಿದರು. ನಾನು ಕನ್ನಡದಲ್ಲೇ ಹೇಳಿದೆ.

“ಇಷ್ಟ ಛಂದ ಬರೀತೀರಿ, ಮಾತಾಡ್ಲಿಕ್ಕೆ ಯಾಕ ಅಂಜತೀರಿ?”

ಯಾಕೆಂದು ನಿಮ್ಮನ್ನೇ ಕೇಳಬೇಕು. ಅಕ್ಕಲಕೋಟದ ಈ ಪಡಸಾಲೆಯಲ್ಲಿ ಊರ ಹುಡುಗರಿಗೆಲ್ಲ ಇಂಗ್ಲಿಷ್ ಮಾತಾಡಲು ಕಲಿಸಿದಿರಿ. ನನಗೆ ಮಾತ್ರ, “ದ್ವಾರಕಾ, ನೀ ಒಳಗ ಕೂತ ಇವರ ನಿಬಂಧ ತಿದ್ದು” ಎಂದು ವಹಿಗಳನ್ನು ಕೊಟ್ಟಿರಿ. ನಾನು ಬಿ.ಎ. ಆದ ಮೇಲೂ ಅದೇ!

ಈಗ ಅದೇ ಪಡಸಾಲೆಯಲ್ಲಿ, ಕೂಸನ್ನು ತೊಡೆಯ ಮೇಲಿಟ್ಟುಕೊಂಡು, ಬೀದಿಗೆಲ್ಲ ಕೇಳುವಂತೆ ಇಂಗ್ಲಿಷ್ ಮಾತಾಡುತ್ತಿದ್ದೇನೆ. “ಒಳಗ ಹೋಗು” ಎನ್ನಲು ನೀವಿಲ್ಲ.

ತಪ್ಪಾದರೆ ತಿದ್ದಲೂ ನೀವಿಲ್ಲ.