ಎಡಗಡೆಯ ದಾರಿ

3 ಸೆಪ್ಟೆಂಬರ್ 2024, ಮಂಗಳವಾರ. ಬೆಳಿಗ್ಗೆ 11

ಮತ್ತೆ ಸೋಲು. ಹನ್ನೆರಡನೆಯ ಲೆವೆಲ್, ಹದಿನೆಂಟನೆಯ ಅಲೆ. ಸತತವಾಗಿ ಐದನೆಯ ದಿನ.

ನೋಡಲು ಸರಳ. ಕೋಟೆಯ ಬಾಗಿಲಿಗೆ ಎರಡು ದಾರಿ, ಎಡಕ್ಕೊಂದು, ಬಲಕ್ಕೊಂದು. ಶತ್ರುಗಳು ಅಲೆ ಅಲೆಯಾಗಿ ಬರುತ್ತಾರೆ. ದಾರಿಯ ಪಕ್ಕ ಗೋಪುರ ಕಟ್ಟಿ ತಡೆಯಬೇಕು. ಇಪ್ಪತ್ತು ಮಂದಿ ಬಾಗಿಲು ದಾಟಿದರೆ ಆಟ ಮುಗಿಯಿತು. ಹನೂರಿನ ಪ್ರೌಢಶಾಲೆಯಲ್ಲಿ ಮೂವತ್ತನಾಲ್ಕು ವರ್ಷ ಗಣಿತ ಕಲಿಸಿದವನಿಗೆ ಇದೊಂದು ಲೆಕ್ಕವೇ? ಆದರೂ ಸೋಲುತ್ತಿದ್ದೇನೆ. ನನ್ನ ಹೆಂಡತಿ ಇಪ್ಪತ್ತೊಂದನೆಯ ಲೆವೆಲ್‌ನಲ್ಲಿದ್ದಾಳೆ.

ಸುವರ್ಣ ಓದಿದ್ದು ಏಳನೆಯ ತರಗತಿ. ಜೂನ್‌ನಲ್ಲಿ ಮಂಡಿನೋವೆಂದು ಮಲಗಿದ್ದಾಗ ಸೊಸೆ ಕೋಮಲ ತನ್ನ ಹಳೆಯ ಟ್ಯಾಬ್‌ನಲ್ಲಿ ಈ ಗೇಮ್ ಹಾಕಿಕೊಟ್ಟಳು. ಮಂಡಿ ವಾಸಿಯಾಯಿತು, ಆಟ ಬಿಡಲಿಲ್ಲ. ಅದನ್ನು ನೋಡಿ ನಾನೂ ನನ್ನ ಫೋನ್‌ಗೆ ಹಾಕಿಸಿಕೊಂಡೆ.

ಹೇಗೆ ಗೆಲ್ಲುತ್ತೀಯೆಂದು ಕೇಳಿದೆ. ಕೇಳಬಾರದಿತ್ತು.

"ಮೇಷ್ಟ್ರೇ, ನೀವು ಗೋಪುರ ಕಟ್ಬುಟ್ಟು ಅದ್ರ ಅಂದ ನೋಡ್ಕಂಡು ಕುಂತ್ಕತೀರಿ. ಬರೋರ್ನ ನೋಡಿ, ಬರೋರ್ನ."

ಮದುವೆಗೆ ಮುಂಚೆ ಮಾಂಬಳ್ಳಿಯ ತವರಿನಲ್ಲಿ ಚರಕದ ಮುಂದೆ ಕುಳಿತು ರೇಷ್ಮೆ ನೂಲು ಬಿಚ್ಚಿದವಳು. ಬಿಸಿನೀರಿನಲ್ಲಿ ಹತ್ತಾರು ಗೂಡು ಕುಣಿಯುತ್ತಿರುವಾಗ ಕಡಿದ ಎಳೆ ಯಾವುದೆಂದು ತಕ್ಷಣ ಕಾಣಬೇಕು. ಅವಳದು ಆ ಕಣ್ಣು. ಇಡೀ ಪರದೆಯನ್ನು ಒಂದೇ ಸಲ ನೋಡುತ್ತಾಳೆ. ನಾನು ಸಾಲು ಸಾಲಾಗಿ ಓದುತ್ತೇನೆ.

ಇರಲಿ. ನಿಯಮವಿಲ್ಲದ ವಿದ್ಯೆ ಇಲ್ಲ. ಬರೆದು ಕಲಿಯುತ್ತೇನೆ.

6 ಸೆಪ್ಟೆಂಬರ್

ಮೊದಲ ಸೂಚನೆ. ನೇರ ದಾರಿಯ ಪಕ್ಕದಲ್ಲಿ ಗೋಪುರ ಕಟ್ಟುವುದು ವ್ಯರ್ಥ. ತಿರುವಿನ ಒಳಮೂಲೆಯಲ್ಲಿ ಕಟ್ಟಿದರೆ ಶತ್ರು ಬರುವಾಗಲೂ ಸಿಗುತ್ತಾನೆ, ತಿರುಗಿ ಹೋಗುವಾಗಲೂ ಸಿಗುತ್ತಾನೆ. ವೃತ್ತದ ತ್ರಿಜ್ಯ ಮತ್ತು ಜ್ಯಾ ತಿಳಿದವನಿಗೆ ಇದು ಮೊದಲ ದಿನವೇ ಹೊಳೆಯಬೇಕಿತ್ತು. ನಾಚಿಕೆ.

ಹಿಮದ ಗೋಪುರ ಕೊಲ್ಲುವುದಿಲ್ಲ, ನಡಿಗೆಯನ್ನು ನಿಧಾನ ಮಾಡುತ್ತದೆ. ಆದ್ದರಿಂದ ಅದು ಮುಂದೆ ಇರಬೇಕು, ಫಿರಂಗಿ ಅದರ ಹಿಂದೆ. ನಾನು ತಿರುಗುಮುರುಗು ಇಟ್ಟಿದ್ದೆ.

ಹನ್ನೆರಡನೆಯ ಲೆವೆಲ್ ಗೆದ್ದೆ. ಸುವರ್ಣಳಿಗೆ ತೋರಿಸಿದೆ. "ಪಾಸಾದ್ರಾ? ಸದ್ಯ" ಎಂದಳು.

14 ಸೆಪ್ಟೆಂಬರ್

ಹದಿನೈದು. ನನ್ನ ಪ್ರಗತಿ ಕ್ರಮಬದ್ಧ. ಸೂಚನೆ: ಐದು ಸಣ್ಣ ಗೋಪುರಗಳಿಗಿಂತ ಪೂರ್ತಿ ಅಪ್‌ಗ್ರೇಡ್ ಮಾಡಿದ ಎರಡು ಮೇಲು.

ಸುವರ್ಣ ಇಪ್ಪತ್ತೆರಡರಲ್ಲಿ ಸಿಕ್ಕಿಕೊಂಡಿದ್ದಾಳೆ. ಇಂದು ಮೂರು ಬಾರಿ ಸೋತಳು. ಮೂರೂ ಬಾರಿ ಎಡದಾರಿಯಿಂದ. ಅಲ್ಲಿ ಒಂದು ಗೋಪುರವನ್ನೂ ಕಟ್ಟಿರಲಿಲ್ಲ. ಬಲಗಡೆ ಮಾತ್ರ ಚೊಕ್ಕ. ಗೆಲುವು ತಲೆಗೇರಿದರೆ ಎಚ್ಚರ ತಪ್ಪುತ್ತದೆ. ಹೀಗೆ ಕೆಟ್ಟ ಬುದ್ಧಿವಂತ ಮಕ್ಕಳನ್ನು ಎಷ್ಟೋ ಕಂಡಿದ್ದೇನೆ.

20 ಸೆಪ್ಟೆಂಬರ್

ಕೋಮಲಳ ದೂರು. "ಮಾವ, ಅತ್ತೆ ಸರಿಯಾಗಿ ಉಣ್ತಾ ಇಲ್ಲ. ತಟ್ಟೇಲಿ ಅರ್ಧ ಅನ್ನ ಅಂಗೇ ಬುಡ್ತಾರೆ. ಇನ್ನೊಂಚೂರು ಬಡುಸ್ಲಾ ಅಂದ್ರೆ ಬಡ್ಸು ಅಂತಾರೆ."

ಅನ್ನ ಬಿಡುವುದು ನನಗೆ ಆಗದು. ಸುವರ್ಣಳಿಗೆ ಅದು ಗೊತ್ತಿದೆ. ಹೇಳಿದೆ. ತಟ್ಟೆಯನ್ನು ನೋಡಿ, ನನ್ನನ್ನು ನೋಡಿ, "ಖಾಲಿ ಮಾಡಿವ್ನಲ್ಲ" ಎಂದಳು. ಎದುರಿಗೇ ಅನ್ನವಿದೆ! ಮೊಂಡುತನಕ್ಕೂ ಮಿತಿ ಬೇಡವೇ?

ಹದಿನೆಂಟು ದಾಟಿದೆ.

27 ಸೆಪ್ಟೆಂಬರ್, ಶುಕ್ರವಾರ

ಬೆಳಗಿನ ಹೊತ್ತು ಅವಳಿಗೆ ತಲೆನೋವು. ಎದ್ದ ಕೂಡಲೇ ವಾಂತಿ. ಪಿತ್ತವೆಂದು ಶುಂಠಿ ಕಷಾಯ ಕುಡಿದಳು. ಎಡ ಭುಜಕ್ಕೆ ಬಾಗಿಲ ಚೌಕಟ್ಟು ತಗುಲಿ ಕಪ್ಪುಗಟ್ಟಿದೆ. ಇದೇ ವಾರದಲ್ಲಿ ಎರಡನೆಯ ಬಾರಿ. ಕನ್ನಡಕ ಹಳತಾಯಿತೆಂದು ಬಸ್ ನಿಲ್ದಾಣದ ಹತ್ತಿರದ ಅಂಗಡಿಗೆ ಕರೆದೊಯ್ದು ಹೊಸದು ಮಾಡಿಸಿದೆ. ಅಂಗಡಿಯವನು, "ದೃಷ್ಟಿ ಏನೂ ಅಂಥಾ ವ್ಯತ್ಯಾಸ ಇಲ್ಲ ಸಾ" ಎಂದ.

ಕಣ್ಣು ಸರಿಯಿದೆ ಎಂದಾಯಿತು. ಕೊರತೆ ಗಮನದ್ದು.

ನಾನು ಇಪ್ಪತ್ತರಲ್ಲಿದ್ದೇನೆ. ಸೂಚನೆ: ಮುಂದಿನ ಅಲೆಯಲ್ಲಿ ಏನು ಬರಲಿದೆ ಎಂಬ ಚಿಹ್ನೆ ಮೊದಲೇ ಕಾಣಿಸುತ್ತದೆ. ಅದನ್ನು ಓದದೆ ಗುಂಡಿ ಒತ್ತುವವನು ಸೋಲಲು ಅರ್ಹ.

4 ಅಕ್ಟೋಬರ್. ಮಧ್ಯಾಹ್ನ 3

ಇಂದು ಮನಸ್ಸು ಕೆಟ್ಟಿದೆ. ಯಥಾವತ್ತಾಗಿ ಬರೆಯುತ್ತೇನೆ.

ನಾನೂ ಇಪ್ಪತ್ತೆರಡಕ್ಕೆ ಬಂದೆ. ಸಮಾನರಾದೆವು. ನನ್ನ ಎದುರಿಗೇ ಆಡು ಎಂದೆ. ಆಡಿದಳು. ಎಡದಾರಿ ಬಯಲು. ಸಾಲುಗಟ್ಟಿ ಬರುತ್ತಿದ್ದಾರೆ, ಬಾಗಿಲು ದಾಟುತ್ತಿದ್ದಾರೆ, ಇವಳು ಬಲಗಡೆಯ ಗೋಪುರವನ್ನು ಇನ್ನಷ್ಟು ಎತ್ತರಿಸುತ್ತಿದ್ದಾಳೆ! ಆಗ ಅನುಮಾನ ಬಂತು. ಮಗುವಿನೊಡನೆ ಓಡುವಾಗ ದೊಡ್ಡವರು ಬೇಕೆಂದೇ ಹಿಂದೆ ಬೀಳುತ್ತಾರಲ್ಲ, ಹಾಗೆ.

"ಯಾರನ್ನು ಮೆಚ್ಚಿಸೋಕೆ ಸೋಲ್ತಿದ್ದೀಯಾ? ನನಗೆ ಭಿಕ್ಷೆ ಹಾಕ್ತಿದ್ದೀಯಾ?"

"ಅಯ್ಯೋ, ಏನ್ರೀ ನೀವು... ಎಡಗಡೆಯಿಂದ ಯಾರೂ ಬರ್ನಿಲ್ಲ ಕಣ್ರಿ."

"ಸುಳ್ಳು ಹೇಳಬೇಡ."

"ಮಾದಪ್ಪನಾಣೆ. ಬರ್ನಿಲ್ಲ."

ಒಂದು ಹಾಳೆ ಕೊಟ್ಟೆ. "ಎರಡೂ ದಾರಿಗಳನ್ನು ನೋಡಬೇಕು" ಎಂದು ಹತ್ತು ಬಾರಿ ಬರೆ ಎಂದೆ. ನಕ್ಕಳು. "ರಿಟೈರಾಗಿ ಒಂಬತ್ತು ವರ್ಸಾಯ್ತು, ಇಸ್ಕೂಲು ಇನ್ನೂ ಮೈಬುಟ್ಟು ಓಗ್ನಿಲ್ವಲ್ಲ!" ಆದರೂ ಬರೆದಳು. ಹಾಳೆಯ ನಟ್ಟನಡುವಿನಿಂದ ಆರಂಭಿಸಿ ಬಲ ಅಂಚಿಗೆ ಇರುಕಿಸಿ ಬರೆದಿದ್ದಾಳೆ. ಅರ್ಧ ಹಾಳೆಯಷ್ಟು ಮಾರ್ಜಿನ್! ಕೆಂಪು ಶಾಯಿಯಲ್ಲಿ ಗೆರೆ ಎಳೆದು "ಅಜಾಗರೂಕತೆ" ಎಂದು ಬರೆದೆ. ಹತ್ತಕ್ಕೆ ನಾಲ್ಕು.

9 ಅಕ್ಟೋಬರ್

ಗೆದ್ದೆ. ಇಪ್ಪತ್ತೆರಡನೆಯ ಲೆವೆಲ್. ಒಬ್ಬ ಶತ್ರುವೂ ಬಾಗಿಲು ದಾಟಲಿಲ್ಲ.

ಮಗ ಉದಯಕುಮಾರ್ ಯಳಂದೂರಿನ ತಾಲ್ಲೂಕು ಕಚೇರಿಯಿಂದ ಬರುವಾಗ ಮೈಸೂರುಪಾಕ್ ತಂದ. "ಅಮ್ಮನ್ನೇ ಸೋಲಿಸ್ಬುಟ್ರಾ ಅಪ್ಪಾಜಿ!" ಸುವರ್ಣ ಸಂತೋಷದಿಂದ ಒಂದೇ ಕೈಯಲ್ಲಿ ತೊಡೆ ತಟ್ಟಿಕೊಂಡು ನಕ್ಕಳು. ಎಡಗೈ ಮಡಿಲಲ್ಲೇ ಇತ್ತು.

ಬಹಳ ವರ್ಷಗಳ ನಂತರ ಇಷ್ಟು ಹಗುರಾಗಿದ್ದೇನೆ.

17 ಅಕ್ಟೋಬರ್. ಮೈಸೂರು, ಆಸ್ಪತ್ರೆ. ಬೆಳಿಗ್ಗೆ 9

ಆಯುಧಪೂಜೆಯ ಮರುದಿನ ಅಡುಗೆಮನೆಯಲ್ಲಿ ಬಿದ್ದಳು. ಎಡಗೈ ಎಡಗಾಲು ಅದುರುತ್ತಿದ್ದವು. ಕೋಮಲ ಕೂಗಿಕೊಂಡಳು. ಕೊಳ್ಳೇಗಾಲದಲ್ಲಿ ನೋಡಿದವರು ತಕ್ಷಣ ಇಲ್ಲಿಗೆ ಕಳುಹಿಸಿದರು. ಎಂಆರ್‌ಐ ಆಯಿತು.

ಮಿದುಳಿನ ಬಲಭಾಗದಲ್ಲಿ ಗೆಡ್ಡೆ. ನಿಂಬೆಹಣ್ಣಿನಷ್ಟು.

ಡಾಕ್ಟರ್ ಚಿಕ್ಕ ವಯಸ್ಸಿನ ಹೆಣ್ಣುಮಗಳು. ಒಂದು ಬಿಳಿ ಹಾಳೆಯ ಮೇಲೆ ಗಡಿಯಾರ ಬರೆಯಿರಿ ಅಮ್ಮ ಎಂದರು. ಸುವರ್ಣ ದುಂಡಗೆ ವೃತ್ತ ಬರೆದಳು. ಒಂದರಿಂದ ಹನ್ನೆರಡರವರೆಗಿನ ಎಲ್ಲ ಅಂಕಿಗಳನ್ನೂ ಬಲ ಅರ್ಧದಲ್ಲೇ ತುಂಬಿದಳು. ಎಡ ಅರ್ಧ ಬಿಳಿ. "ಆಯ್ತು ಕಣವ್ವ" ಎಂದು ಹೆಮ್ಮೆಯಿಂದ ಕೊಟ್ಟಳು.

ಹೊರಗೆ ಬಂದ ಮೇಲೆ ಡಾಕ್ಟರ್ ಹೇಳಿದರು. "ಕಣ್ಣಿನ ತೊಂದರೆ ಅಲ್ಲ ಸರ್. ಎಡಗಡೆ ಅಂತ ಒಂದಿದೆ ಅನ್ನೋದೇ ಅವರ ಮಿದುಳಿಗೆ ತಿಳೀತಿಲ್ಲ. ತಟ್ಟೆಯ ಎಡಗಡೆ, ಬಾಗಿಲಿನ ಎಡಗಡೆ, ಯಾವುದೂ ಇಲ್ಲ. ಅವರು ಸುಳ್ಳು ಹೇಳ್ತಿಲ್ಲ. ಇದು ಯಾವಾಗಿಂದ ಶುರುವಾಯ್ತು, ಜ್ಞಾಪಕ ಇದೆಯಾ?"

ಉದಯ, "ಅಪ್ಪಾಜಿ ದಿನಾ ಡೈರಿ ಬರೀತಾರೆ" ಎಂದ.

ಚೀಲದಲ್ಲಿತ್ತು. ತೆರೆದೆ. ದಿನಾಂಕ ಹಾಕಿ, ಸ್ಫುಟವಾದ ಅಕ್ಷರದಲ್ಲಿ, ಎಲ್ಲವೂ ಇತ್ತು. ಹದಿನಾಲ್ಕು ಸೆಪ್ಟೆಂಬರ್, ಮೂರು ಬಾರಿ. ಇಪ್ಪತ್ತು, ಅನ್ನ. ಇಪ್ಪತ್ತೇಳು, ಭುಜ, ವಾಂತಿ. ಪ್ರತಿಯೊಂದರ ಜೊತೆಗೂ ನನ್ನ ಲೆವೆಲ್. ಗಟ್ಟಿಯಾಗಿ ಓದಬೇಕಾಯಿತು. ಡಾಕ್ಟರ್ ಬರೆದುಕೊಳ್ಳುತ್ತಿದ್ದರು. ಅಕ್ಟೋಬರ್ ನಾಲ್ಕರ ಪುಟದಲ್ಲಿ ಆ ಹಾಳೆ ಮಡಿಸಿಟ್ಟಿತ್ತು. ಬಿಡಿಸಿ ನೋಡಿದರು. ಕೆಂಪು ಶಾಯಿಯನ್ನೂ ನೋಡಿದರು. ಮಡಿಸಿ ಹಿಂದಿರುಗಿಸಿದರು.

"ಸೆಪ್ಟೆಂಬರ್‌ನಲ್ಲೇ ಬಂದಿದ್ದರೆ?" ಎಂದು ಕೇಳಿದೆ.

"ಅದನ್ನ ಈಗ ಹೇಳೋಕಾಗಲ್ಲ ಸರ್."

ಉತ್ತರ ತಿಳಿದೂ ಹೇಳದಿರುವವರ ಮುಖ ನನಗೆ ಗೊತ್ತು. ನಾಪಾಸಾದ ಮಕ್ಕಳ ತಂದೆಯರ ಎದುರು ನಾನೂ ಹಾಗೆ ನಿಂತಿದ್ದೇನೆ.

18 ಅಕ್ಟೋಬರ್

ಪೂರ್ತಿ ತೆಗೆಯಲಾಗದು. ತುಣುಕು ತೆಗೆದು ಪರೀಕ್ಷೆಗೆ ಕಳುಹಿಸುತ್ತಾರೆ. ನಂತರ ರೇಡಿಯೇಶನ್. "ತಿಂಗಳುಗಳ ಲೆಕ್ಕ" ಎಂದರು.

31 ಅಕ್ಟೋಬರ್

ಪರೀಕ್ಷೆಯ ವರದಿ ಬಂತು. ಕೆಟ್ಟ ಜಾತಿಯ ಗೆಡ್ಡೆ. ಉದಯ ಓದಿ ಹೇಳಿದ. ನಾನು ಓದಲಿಲ್ಲ.

24 ನವೆಂಬರ್, ಭಾನುವಾರ. ಕೊಳ್ಳೇಗಾಲ

ಮನೆಗೆ ಬಂದು ಮೂರು ದಿನ. ರೇಡಿಯೇಶನ್ ಮುಗಿಯಿತು. ಕೂದಲು ಬಲಗಡೆ ಉದುರಿದೆ. ಏನೇ ಬದಲಾವಣೆ ಕಂಡರೂ ದಿನಾಂಕ, ಗಂಟೆ ಸಮೇತ ಬರೆದಿಡಿ, ಫೋನ್ ಮಾಡಿ ಎಂದು ಡಾಕ್ಟರ್ ಹೇಳಿದ್ದಾರೆ. ಈ ಪುಸ್ತಕದಿಂದ ಇನ್ನು ಅಷ್ಟೇ ಪ್ರಯೋಜನ.

ಮಂಚವನ್ನು ಕೋಮಲ ತಿರುಗಿಸಿ ಹಾಕಿದ್ದಾಳೆ, ಬಂದವರೆಲ್ಲ ಅವಳ ಬಲಕ್ಕೆ ಬರುವಂತೆ. ತಟ್ಟೆಯನ್ನು ಊಟದ ನಡುವೆ ಅರ್ಧ ಸುತ್ತು ತಿರುಗಿಸುತ್ತಾಳೆ. ಉಳಿದ ಅನ್ನ ಕಂಡು ಸುವರ್ಣ ಬೆರಗಾಗುತ್ತಾಳೆ. "ಯಾವಾಗ ಬಡುಸ್ದೆ ಇದ್ನ?"

ಟ್ಯಾಬ್ ಕೇಳಿದಳು. ಕೊಡಲು ಮನಸ್ಸಿರಲಿಲ್ಲ.

26 ನವೆಂಬರ್

ಜೊತೆಯಲ್ಲಿ ಆಡುತ್ತಿದ್ದೇವೆ. ಎಡದಾರಿ ನನಗೆ, ಬಲದಾರಿ ಅವಳಿಗೆ. ನಾನು ಅವಳ ಎಡಗಡೆ ಕೂರಬೇಕು, ಇಲ್ಲದಿದ್ದರೆ ಕೈ ಅಡ್ಡವಾಗುತ್ತದೆ. ಅಲ್ಲಿ ಕುಳಿತರೆ ಅವಳ ಪಾಲಿಗೆ ನಾನು ಇಲ್ಲ. ಆದ್ದರಿಂದ ಮಾತಾಡುತ್ತಲೇ ಇರಬೇಕು. ಆಡುವಾಗ ಮಾತು ಕೂಡದೆಂಬುದು ನನ್ನದೇ ನಿಯಮವಾಗಿತ್ತು.

"ಹಿಮ ಇಟ್ಟೆ. ಫಿರಂಗಿ ಇಟ್ಟೆ. ಹನ್ನೊಂದು ಜನ ಬಂದರು. ಒಂಬತ್ತು ಹೋದರು."

"ಇಬ್ರು ಉಳುದ್ರಲ್ಲ, ಅವ್ರ್‌ನ ಮೊದ್ಲು ನೋಡಿ! ಲೆಕ್ಕ ಆಮ್ಯಾಕೆ ಒಪ್ಸಿ."

ನಗು ಬಂತು. ಅನಂತರ ಎದ್ದು ಹಿತ್ತಿಲಿಗೆ ಹೋಗಿ ಬಂದೆ.

1 ಡಿಸೆಂಬರ್, ಭಾನುವಾರ

ಹೇಳಿಬಿಟ್ಟೆ. ನೀನು ಸೋಲುತ್ತಿದ್ದದ್ದು ಕಾಯಿಲೆಯಿಂದ. ನಾನು ಗೆದ್ದದ್ದು ನನ್ನ ಸೂಚನೆಗಳಿಂದಲ್ಲ, ನೀನು ಇದ್ದ ಕಡೆಯೇ ನಿಂತುಬಿಟ್ಟದ್ದರಿಂದ. ಎಲ್ಲ ಬರೆದಿಟ್ಟೆ, ಒಂದನ್ನೂ ನೋಡಲಿಲ್ಲ. ಅದಕ್ಕೆ ಸಂತೋಷ ಬೇರೆ ಪಟ್ಟೆ.

ನನ್ನ ದನಿ ಬಂದ ಕಡೆಗೆ ಮುಖ ತಿರುಗಿಸಲು ನೋಡಿದಳು. ಕತ್ತು ಅರ್ಧಕ್ಕೆ ನಿಂತಿತು.

"ಅಂಗನ್ಬ್ಯಾಡಿ. ನಾನೇನೋ ನಿಜ್ವಾಗ್ಲೂ ಕಲ್ತ್ಕಂಡ್ರು ಅನ್ಕಂಡಿದ್ದೆ. ಅವತ್ತು ನಿಮ್ಗಿಂತ ನಂಗೇ ಖುಸಿ ಆಗಿತ್ತು. ಅದ್ನೂ ಕಿತ್ಕಬ್ಯಾಡಿ ಈಗ."

ಕ್ಷಮೆ ಕೇಳಲು ಹೋಗಿದ್ದೆ. ಅವಳ ಬಳಿ ಉಳಿದಿದ್ದ ಒಂದನ್ನು ತೆಗೆದುಕೊಂಡು ಬಂದೆ.

2 ಡಿಸೆಂಬರ್

ಇಪ್ಪತ್ತಮೂರನೆಯ ಲೆವೆಲ್ ಒಬ್ಬನೇ ಆಡಿ ಗೆದ್ದೆ. ಅವಳ ಬಲಕ್ಕೆ ಕುಳಿತು, ಅವಳಿಗೆ ಕಾಣುವ ಹಾಗೆ. ಗೆದ್ದದ್ದನ್ನು ತೋರಿಸಿದೆ. "ನೋಡ್ದಾ, ಕಲ್ತವ್ರೆ!" ಎಂದು ಕೋಮಲಳಿಗೆ ಹೇಳಿದಳು. ಅಷ್ಟು ಸಾಕು.

5 ಡಿಸೆಂಬರ್

ಹೆಚ್ಚು ನಿದ್ರೆ. ಮಾತ್ರೆ ಹೆಚ್ಚಿಸಿದ್ದಾರೆ. ಮಧ್ಯಾಹ್ನ 2ಕ್ಕೆ ತಲೆನೋವು, ಅರ್ಧ ಗಂಟೆ. ಉದಯ ರಜೆ ಹಾಕಿದ್ದಾನೆ.

9 ಡಿಸೆಂಬರ್, ಸೋಮವಾರ. ಬೆಳಿಗ್ಗೆ

ಎಚ್ಚರವಾಗಿದ್ದಾಳೆ. ಎರಡು ಇಡ್ಲಿ ತಿಂದಳು. ತಾನಾಗಿಯೇ ಆಟ ಕೇಳಿದಳು. ಇಪ್ಪತ್ತನಾಲ್ಕನೆಯದು. ನಾನು ಎಡ, ಅವಳು ಬಲ. ಎಡದಲ್ಲಿ ಒಬ್ಬನೂ ನುಸುಳಲಿಲ್ಲ, ಲೆಕ್ಕ ಒಪ್ಪಿಸುತ್ತಲೇ ಇದ್ದೆ. ಅವಳು ಹೂಂ ಎನ್ನುತ್ತಿದ್ದಳು. ಆಮೇಲೆ ಹೂಂ ಎನ್ನಲಿಲ್ಲ. ನೋಡಿದರೆ ಬಾಗಿಲು ದಾಟುತ್ತಿದ್ದಾರೆ, ಬಲಗಡೆಯಿಂದ. ಅವಳ ಬೆರಳು ಪರದೆಯ ಮೇಲೆಯೇ ಇದೆ, ಆಡುತ್ತಿಲ್ಲ. ಉದಯ ಡಾಕ್ಟರಿಗೆ ಫೋನ್ ಹಚ್ಚಿದ್ದಾನೆ, ಬೆರಳು ನಿಂತದ್ದು ಎಷ್ಟು ಗಂಟೆಗೆಂದು ಕೇಳುತ್ತಿದ್ದಾರೆ. 11 ಗಂಟೆ 20 ನಿಮಿಷ. ಬಲಗೈಯೂ...